ಎರಡು ರಾತ್ರಿಯ ಆಲ್ಬಂ

ನಿನ್ನೆ ನಿದ್ದೆ ಬರಲಿಲ್ಲ. ಸುಮ್ನೆ ನಿಕ್ ಡ್ರೇಕ್ ಹಾಡು ಹಾಕಿಕೊಂಡು ಮಲಗಿದ್ದೆ.

ಈ ಇಂಗ್ಲಿಷ್ ಹಾಡುಗಾರ ಬದುಕಿದ್ದು 26 ವರ್ಷ. 1969ರಿಂದ 1972ರೊಳಗೆ ಮೂರೇ ಆಲ್ಬಂ. ಆಗ ಯಾವುದೂ ಜಾಸ್ತಿ ಮಾರಾಟ ಆಗಲಿಲ್ಲ. ವೇದಿಕೆ ಅಂದರೆ ಅವನಿಗೆ ಸಂಕಟ. ಅವನ ಹಾಡುಗಳಿಗೆ ಗಿಟಾರ್ ಶ್ರುತಿ ಬೇರೆ ಬೇರೆ. ಒಂದು ಹಾಡು ಮುಗಿಸಿ ತಲೆ ತಗ್ಗಿಸಿ ತಂತಿ ಬಿಗಿಯುತ್ತಾ ಕೂತರೆ, ಜನ ತಮ್ಮ ಪಾಡಿಗೆ ಮಾತಾಡುತ್ತಿದ್ದರು. ಆ ದೃಶ್ಯ ನೆನೆಸಿಕೊಂಡರೆ ಈಗಲೂ ಹೊಟ್ಟೆಯಲ್ಲಿ ಸಂಕಟವಾಗುತ್ತದೆ.

ಕೊನೆಯ ಆಲ್ಬಂ 'ಪಿಂಕ್ ಮೂನ್' ರೆಕಾರ್ಡ್ ಆಗಿದ್ದು 1971ರ ಅಕ್ಟೋಬರ್‌ನಲ್ಲಿ, ಲಂಡನ್ನಿನಲ್ಲಿ, ಎರಡೇ ರಾತ್ರಿ. ಸ್ಟುಡಿಯೋದಲ್ಲಿ ಅವನು, ಎಂಜಿನಿಯರ್ ಜಾನ್ ವುಡ್. ಅಷ್ಟೇ. ಗಿಟಾರ್, ದನಿ, ಒಂದು ಹಾಡಿಗೆ ಮಾತ್ರ ಒಂದಿಷ್ಟು ಪಿಯಾನೊ. ಅರ್ಧ ಗಂಟೆಯೂ ಇಲ್ಲ. ಆದರೂ ಒಂದು ಸ್ವರವೂ ಕಡಿಮೆ ಅನಿಸುವುದಿಲ್ಲ.

1974ರ ನವೆಂಬರ್‌ನಲ್ಲಿ ಹೆತ್ತವರ ಮನೆಯಲ್ಲೇ ತೀರಿಕೊಂಡ. ಸುಮಾರು 25 ವರ್ಷದ ಮೇಲೆ ಒಂದು ಕಾರಿನ ಜಾಹೀರಾತಿನಲ್ಲಿ ಅವನ ಹಾಡು ಬಂತು. ಆಮೇಲೆ ಜನ ಹುಡುಕಿಕೊಂಡು ಹೋಗಿ ಕೊಂಡರು. ಅವನಿಗೆ ಒಂದು ಸಲ ಗೊತ್ತಾಗಬೇಕಿತ್ತು, ಅಲ್ವಾ?

ಅವನ ಅಮ್ಮ ಮಾಲಿ ಡ್ರೇಕ್ ಕೂಡ ಮನೆಯಲ್ಲಿ ಪಿಯಾನೊ ನುಡಿಸುತ್ತಾ ತಾನೇ ಬರೆದ ಹಾಡು ಹಾಡುತ್ತಿದ್ದರು. ಬೆಳಗಿನ ಜಾವ ಅದನ್ನೂ ಕೇಳಿದೆ. ಅದೇ ಮೆಲುದನಿ.