ದೋಣಿ ಹುಡುಕಿದ್ದು ಆಯಿ

13 ಅಕ್ಟೋಬರ್ 2024, ಭಾನುವಾರ
ಎಡಿನ್‌ಬರ್ಗ್

ಬೆಳಗಿಂದ ಮಂಡಿನೋವು ಅಂತ ಗೊಣಗುತ್ತಿದ್ದ ಆಯಿ ನ್ಯಾಷನಲ್ ಗ್ಯಾಲರಿಯಲ್ಲಿ ಒಂದೇ ಚಿತ್ರದ ಮುಂದೆ ಇಪ್ಪತ್ತು ನಿಮಿಷ ನಿಂತಳು. ವಿಲಿಯಂ ಮ್ಯಾಕ್‌ಟ್ಯಾಗರ್ಟನ 'ದಿ ಸ್ಟಾರ್ಮ್', 1890ರದ್ದು. ಈ ಊರಿಗೆ ಬಂದಾಗಿಂದ ನೋಡುತ್ತಲೇ ಇದ್ದೇನೆ. ನನ್ನ ಕಣ್ಣಿಗೆ ಅದು ಬರೀ ಗಾಳಿ, ನೊರೆ, ಕುಂಚದ ಗೀಚು.

"ಅಲ್ನೋಡೇ, ದೋಣಿ."

"ಎಲ್ಲಿ ಆಯಿ?"

"ಅಲೆ ನಡುವೆ. ದಡದಲ್ಲಿ ಇನ್ನೊಂದು ದೋಣಿ ನೂಕ್ತಾ ಇದ್ದಾರೆ. ಹೆಂಗಸರು, ಮಕ್ಕಳು... ಕಾಣೂದಿಲ್ಲವೇನೇ ನಿಂಗೆ?"

ಇದ್ದರು! ಬಂಡೆ, ಹುಲ್ಲಿನ ಬಣ್ಣವೇ ಅವರ ಮೈಬಣ್ಣ. ಕಾಸರಕೋಡಿನ ಸಮುದ್ರ ನೋಡುತ್ತ ಬೆಳೆದವಳಿಗೆ ಮೊದಲು ಕಂಡದ್ದು ಮನುಷ್ಯರು.

ಬಸ್ಸಲ್ಲಿ ಮ್ಯಾಕ್‌ಟ್ಯಾಗರ್ಟನ ಕಥೆ ಹೇಳಿದೆ. 1835ರಲ್ಲಿ ಸ್ಕಾಟ್ಲೆಂಡಿನ ಪಶ್ಚಿಮ ಕರಾವಳಿಯ ಕಿಂಟೈರ್‌ನಲ್ಲಿ, ಮ್ಯಾಕ್ರಿಹಾನಿಷ್ ಹತ್ತಿರ ಹುಟ್ಟಿದ ಬಡ ರೈತನ ಮಗ. ಕ್ಯಾಂಪ್‌ಬೆಲ್ಟೌನಿನಲ್ಲಿ ಔಷಧಿ ಅರೆಯುವ ಕೆಲಸ ಕಲಿಯಲು ಬಿಟ್ಟರೆ, ಹುಡುಗ 1852ಕ್ಕೆ ಎಡಿನ್‌ಬರ್ಗಿನ ಟ್ರಸ್ಟೀಸ್ ಅಕಾಡೆಮಿ ಅನ್ನುವ ಚಿತ್ರಕಲಾ ಶಾಲೆ ಸೇರಿದ. ಸ್ಕಾಟ್ಲೆಂಡಿನ ಇಂಪ್ರೆಷನಿಸ್ಟ್ ಅನ್ನುವ ಹಣೆಪಟ್ಟಿ ನನಗೆ ಹಿಡಿಸುವುದಿಲ್ಲ, ಕ್ಷಣದ ಬೆಳಕನ್ನು ಬಿಡಿ ಕುಂಚದಲ್ಲಿ ಹಿಡಿದ ಆ ಪ್ಯಾರಿಸ್ಸಿನ ಇಂಪ್ರೆಷನಿಸ್ಟರ ಜಾಡು ಹಿಡಿದು ಹೊರಟವನಲ್ಲ ಅವನು. ತನ್ನ ಊರಿನ ಗಾಳಿ ಸಾಕಾಗಿತ್ತು. ತಮಾಷೆ ಅಂದರೆ, ಇಷ್ಟು ದೊಡ್ಡ ಬಿರುಗಾಳಿ ಬರೆದದ್ದು ಸಮುದ್ರ ಬಿಟ್ಟು ಬಂದು, ಎಡಿನ್‌ಬರ್ಗ್ ಹತ್ತಿರದ ಬ್ರೂಮೀನೋದ ಮನೆಯಲ್ಲಿ. 1883ರಲ್ಲಿ ಕಿಂಟೈರ್‌ನದೇ ಕ್ಯಾರಡೇಲ್‌ನ ಬಯಲಲ್ಲೇ ನಿಂತು ಬರೆದಿದ್ದ ಚಿಕ್ಕ ಚಿತ್ರ ಇಟ್ಟುಕೊಂಡು. ಕೊಂಡವನು ಉಕ್ಕಿನ ಕುಬೇರ ಆಂಡ್ರ್ಯೂ ಕಾರ್ನೆಗಿ. 1935ರಲ್ಲಿ ಅವನ ಹೆಂಡತಿ ಗ್ಯಾಲರಿಗೆ ಕೊಟ್ಟಳು.

"ದುಡ್ಡಿದ್ದವರಿಗೆ ಬಿರುಗಾಳಿನೂ ಗೋಡೆಗೆ ಬೇಕು" ಅಂದಳು ಆಯಿ. ನಕ್ಕುಬಿಟ್ಟೆ.

ಆಮೇಲೆ ಫೋನಿನಲ್ಲಿ ಮ್ಯಾಕ್‌ಟ್ಯಾಗರ್ಟನ 1895ರ ಚಿತ್ರ ತೋರಿಸಿದೆ: ಊರು ಬಿಟ್ಟವರನ್ನು ಹೊತ್ತು ಹೊರಟ ಹಡಗು. ತೋರಿಸಬಾರದಿತ್ತು. ಹಡಗು ದೂರದಲ್ಲಿ ಎಲ್ಲೋ. ದಡದಲ್ಲಿ ನಿಂತವರು ಇಲ್ಲೂ ಅರ್ಧ ಕಲ್ಲು, ಅರ್ಧ ಮನುಷ್ಯರು.

ಆಯಿ ಕನ್ನಡಕ ಸರಿಮಾಡಿಕೊಂಡು ಕೇಳಿದಳು: "ಇವ ಹಡಗಲ್ಲಿದ್ದು ಬರೆದದ್ದೋ, ದಡದಲ್ಲಿ ಉಳಿದು ಬರೆದದ್ದೋ?"

"ದಡದಿಂದಲೇ."

"ಹಾಂ. ಅದ್ಕೇ."

ಅದ್ಕೇ ಏನು ಅಂತ ನಾನು ಕೇಳಲಿಲ್ಲ. ಅಷ್ಟರಲ್ಲಿ ಸ್ಟಾಪೂ ಬಂತು.

ಗುರುವಾರ ಅವಳ ಫ್ಲೈಟು. ಸೂಟ್‌ಕೇಸು ಈಗಲೇ ಬಾಗಿಲ ಪಕ್ಕ ತಂದಿಟ್ಟಿದ್ದಾಳೆ. ತೂಕ ನೋಡುವ ಕಾಟಾ ಎಲ್ಲಿಟ್ಟೆನೋ, ಹೋದ ಸಲ ಅಪ್ಪ ಬಂದಾಗ...