ಆಯಿಯ ಹಾಡಿನ ಪಟ್ಟಿ ಮತ್ತೆ ಒಂದು ಬೂಷ್ಟು ಹಿಡಿದ ಸೀಡಿ

ಚಿಕ್ಕಪ್ಪನ ಮಗಳ ಮದುವೆ ನಿಶ್ಚಯ ಆಯ್ತು ಅಂತ ಫೋನ್ ಬಂದಿದ್ದೇ ಆಯಿ, ಅಂದ್ರೆ ನಮ್ಮಮ್ಮ, ನನ್ನ ಹತ್ರ ಕೇಳಿದ್ದು ಒಂದೇ ಮಾತು, "ತಮಾ, ಆ ಹಾಡಿನ ಪಟ್ಟಿ ಕಂಪ್ಯೂಟರಲ್ಲಿ ಹಾಕ್ಸಿದ್ಯಲ, ಅದು ಎಲ್ಲಿದ್ದು?"

ಪಟ್ಟಿ ಅಂದ್ರೆ ನಮ್ಮ ಸಾಗರದ ಕಡೆ ನೋಟ್‌ಬುಕ್ಕು. ಅಜ್ಜಿ ಬರೆಯೋಕೆ ಶುರು ಮಾಡಿದ್ದು, ಅಜ್ಜಿಗೆ ಕಣ್ಣು ಮಂಜಾದ ಮೇಲೆ ಆಯಿ ಮುಂದುವರ್ಸಿದ್ದು. ಹಸೆಗೆ ಕರೆಯೋ ಹಾಡು, ಅರಿಶಿನ ಹಚ್ಚೋ ಹಾಡು, ಆರತಿ ಹಾಡು, ಬೀಗರನ್ನ ಗೇಲಿ ಮಾಡೋ ಹಾಡು, ಹೆಣ್ಣು ಒಪ್ಪಿಸೋ ಹಾಡು, ಎಲ್ಲ ಸೇರಿ 83 ಹಾಡು ಇತ್ತು. 2004ರಲ್ಲಿ ಅಕ್ಕನ ಮದುವೆ ಹೊತ್ತಿಗೆ ಇದನ್ನ ಸಣ್ಣ ಪುಸ್ತಕ ಮಾಡಿ ಬಂದವರಿಗೆಲ್ಲ ಕೊಡೋಣ ಅಂತ ನಾನೇ ಪಟ್ಟಿ ತಗೊಂಡು ಹೋಗಿ ಪೇಟೆಯ ಒಂದು ಡಿಟಿಪಿ ಅಂಗಡೀಲಿ ಟೈಪ್ ಮಾಡ್ಸಿದ್ದೆ. ಮದುವೆ ಖರ್ಚಲ್ಲಿ ಪುಸ್ತಕ ಹಿಂದೆ ಬಿತ್ತು, ಫೈಲ್ ಒಂದು ಸೀಡಿ ಮಾಡ್ಕೊಟ್ರು, ಸೀಡಿ ಇದ್ಯಲ್ಲ ಇನ್ನೇನು ಭಯ ಅಂತ ಪಟ್ಟಿನ ನಾಗಂದಿಗೆ ಮೇಲೆ ಇಟ್ಟು ಎಲ್ಲರೂ ಮರೆತ್ವಿ.

2019ರ ಆಗಸ್ಟ್ ಮಳೆ ನೆನಪಿರ್ಬೇಕು ನಿಮಗೆಲ್ಲ. ಮನೆ ಹಿಂದಿನ ಧರೆ ಜರಿದು ನೀರು ಒಳಗೇ ನುಗ್ತು, ಗೋಡೆ ತಿಂಗಳಾನುಗಟ್ಟಲೆ ಒಣಗ್ಲಿಲ್ಲ, ಆ ಥಂಡಿಗೆ ವರಲೆ (ಗೆದ್ದಲು) ಹತ್ತಿ ನಾಗಂದಿಗೆ ಮೇಲಿದ್ದ ಪುಸ್ತಕ ಎಲ್ಲ ಹೋಯ್ತು. ಹಾಡಿನ ಪಟ್ಟಿ ಕೈಯಲ್ಲಿ ಎತ್ತಿದ್ರೆ ನಡುವೆ ಪೂರ್ತಿ ಮಣ್ಣು, ಮೇಲಿನ ರಟ್ಟು, ಕೊನೇ ಆರೇಳು ಹಾಳೆ ಅಷ್ಟೇ ಉಳಿದಿತ್ತು. ಆಯಿ ಆವತ್ತು ಅತ್ತಿಲ್ಲ, "ಕಂಪ್ಯೂಟರಲ್ಲಿ ಇದ್ದಲ" ಅಂದಿದ್ಳು ಅಷ್ಟೇ. ನಾನೂ ಹೂಂ ಅಂದಿದ್ದೆ.

ಈಗ ಸೀಡಿ ಹುಡುಕಿದ್ರೆ ಅದಕ್ಕೂ ಬೂಷ್ಟು. ನಮ್ಮನೆ ಲ್ಯಾಪ್‌ಟಾಪಿಗೆ ಸೀಡಿ ಹಾಕೋ ಜಾಗಾನೇ ಇಲ್ಲ, ಶಿವಮೊಗ್ಗದಲ್ಲಿ ಗೆಳೆಯನ ಫೋಟೋ ಸ್ಟುಡಿಯೋದಲ್ಲಿ ಹಳೇ ಕಂಪ್ಯೂಟರ್ ಇತ್ತು, ಬಟ್ಟೇಲಿ ಒರೆಸಿ ಒರೆಸಿ ನಾಲ್ಕನೇ ಸಲಕ್ಕೆ ಫೈಲ್ ತೆರ್ಕೊಳ್ತು. ತೆರ್ಕೊಂಡ್ರೆ ಅದರಲ್ಲಿ ಒಂದಕ್ಷರ ಕನ್ನಡ ಇಲ್ಲ! ಇಂಗ್ಲಿಷಿನ ಪಿ, ಆಮೇಲೆ ತಲೆ ಮೇಲೆ ಗೀಟಿರೋ ಎ, ಆಮೇಲೆ ದುಡ್ಡಿನ ಪೌಂಡ್ ಗುರುತು, ಮತ್ತೆ ಗೀಟಿರೋ ಎ. ಹೀಗೇ 60 ಪುಟ. ಎದೆ ಧಸಕ್ ಅಂತು ನಿಜವಾಗ್ಲೂ.

ಇದು ಯಾಕೆ ಹೀಗೆ ಅಂತ ಗೊತ್ತಿಲ್ಲದವರಿಗೆ ಸ್ವಲ್ಪ ಹೇಳ್ತೀನಿ, ಯಾಕಂದ್ರೆ ನಿಮ್ಮನೇಲೂ ಇಂಥ ಫೈಲ್ ಇರುತ್ತೆ. ಆಗಿನ ಕಾಲದಲ್ಲಿ ಕನ್ನಡ ಫಾಂಟ್ ಅಂದ್ರೆ ಕಂಪ್ಯೂಟರಿಗೆ ಗೊತ್ತಿರೋದು ಇಂಗ್ಲಿಷ್ ಅಕ್ಷರದ ಜಾಗಗಳು ಮಾತ್ರ, ಆ ಜಾಗದಲ್ಲಿ ಕನ್ನಡದ ಚೂರುಗಳನ್ನ, ಅಂದ್ರೆ ತಲೆಕಟ್ಟು, ಕೊಂಬು, ದೀರ್ಘ, ಒತ್ತು, ಇವನ್ನೆಲ್ಲ ಬಿಡಿಬಿಡಿಯಾಗಿ ಕೂರ್ಸಿರ್ತಿದ್ರು. ಪರದೆ ಮೇಲೆ 'ಕನ್ನಡ' ಅಂತ ಚೆನ್ನಾಗೇ ಕಾಣುತ್ತೆ, ಫೈಲ್ ಒಳಗೆ ಕೂತಿರೋದು ಮಾತ್ರ ಪಿ, ಗೀಟಿನ ಎ, ಪೌಂಡು. ಆ ಫಾಂಟ್ ಇಲ್ಲದ ಕಂಪ್ಯೂಟರಲ್ಲಿ ಬಣ್ಣ ಕಳಚಿ ಒಳಗಿನದ್ದು ಹೊರಗೆ ಬರುತ್ತೆ.

ಇದರಲ್ಲಿ ಆಗಿನವರದ್ದು ತಪ್ಪು ಅಂತ ನಾನು ಹೇಳಲ್ಲ, ಬದಲಿಗೆ ಅವರ ಋಣ ನಮ್ಮ ಮೇಲಿದೆ. ಕೆ.ಪಿ. ರಾವ್ ಅವರು ಕೀಬೋರ್ಡ್ ವಿನ್ಯಾಸ ಮಾಡದೇ ಇದ್ದಿದ್ರೆ, ಒತ್ತಕ್ಷರಕ್ಕೆ ನ ಒತ್ತಿ ಎಫ್ ಒತ್ತಿ ಮತ್ತೆ ನ ಒತ್ತಿದ್ರೆ 'ನ್ನ' ಅಂತ ಉಲಿದಂಗೇ ಟೈಪ್ ಮಾಡೋದು ನಮಗೆ ಸಿಗ್ತಿರ್ಲಿಲ್ಲ. 1998ರಲ್ಲಿ ಬರಹ ಅನ್ನೋ ಕನ್ನಡ ಟೈಪ್ ಮಾಡೋ ಸಾಫ್ಟ್‌ವೇರ್ ಬಂತು, ಆಮೇಲೆ ಕನ್ನಡ ಗಣಕ ಪರಿಷತ್ತಿನ ನುಡಿ ಬಂತು, ಅವೆರಡು ಇಲ್ದಿದ್ರೆ ಹಳ್ಳಿ ಊರಿನ ಡಿಟಿಪಿ ಅಂಗಡಿವರೆಗೆ ಕನ್ನಡ ಮುಟ್ತಾನೇ ಇರ್ಲಿಲ್ಲ. ಯೂನಿಕೋಡ್ ಅಂದ್ರೆ ಬೇರೆ ಬೇರೆ ಲಿಪಿಯ ಒಂದೊಂದು ಅಕ್ಷರಕ್ಕೂ ಕಂಪ್ಯೂಟರಲ್ಲಿ ಅದರದ್ದೇ ಜಾಗ ಕೊಡೋ ಪದ್ಧತಿ, ಅದರಲ್ಲಿ ಕನ್ನಡಕ್ಕೆ ತನ್ನದೇ ಜಾಗ 1991ರಲ್ಲೇ ಸಿಕ್ಕಿತ್ತು, 128 ಮನೆ ಇರೋ ಒಂದು ಕೇರಿ ಅಂದ್ಕೊಳಿ, ಕ-ಗೆ ಅಂತಲೇ ಒಂದು ಮನೆ, ಖ-ಗೆ ಒಂದು. 2001ರ ವಿಂಡೋಸ್ ಎಕ್ಸ್‌ಪಿ ಜೊತೆ ಬಂದ ಕನ್ನಡ ಫಾಂಟಿನ ಹೆಸರೇ ತುಂಗಾ, ನಮ್ಮ ಹೊಳೆ ಹೆಸರು, ಅದು ಗೊತ್ತಾದಾಗ ನನಗೆ ಆಗಿದ್ದ ಖುಷಿ ಈಗಲೂ ನೆನಪಿದೆ. ಆದ್ರೆ ಪ್ರಿಂಟಿಂಗ್ ಪ್ರೆಸ್ಸು, ಡಿಟಿಪಿ, ಆಫೀಸು ಇವೆಲ್ಲ ಹಳೇ ಫಾಂಟಲ್ಲೇ ಉಳ್ಕೊಂಡ್ವು. ಆಂಡ್ರಾಯ್ಡ್ ಫೋನಲ್ಲೂ ಕನ್ನಡ ಸರಿಯಾಗಿ ಬಂದಿದ್ದು 2012ರ 4.1 ಆದ ಮೇಲೆ, ಅಲ್ಲಿತನಕ ಬರೀ ಚೌಕ ಚೌಕ ಡಬ್ಬಿ ಕಾಣ್ತಿತ್ತು.

ಅಕ್ಕನ ಮಗ ಇಂಟರ್ನೆಟ್ಟಲ್ಲಿ ಹುಡುಕಿ ಹಳೇ ಫಾಂಟಿನ ಫೈಲನ್ನ ಯೂನಿಕೋಡ್ ಮಾಡೋ ಒಂದು ಸಾಫ್ಟ್‌ವೇರ್ ಹಾಕ್ದ. ಒಂದೇ ನಿಮಿಷ, ಹಾಡು ಎದ್ದು ಬಂತು. ಆ ಕ್ಷಣ ಬರೆಯೋಕೆ ನನ್ನ ಹತ್ರ ಮಾತಿಲ್ಲ ಬಿಡಿ. ಆಮೇಲೆ ಕೂತು ಓದ್ತಾ ಹೋದ್ರೆ ಪಾರ್ವತಿ ಇರೋ ಕಡೆಯೆಲ್ಲ 'ಪಾವರ್ತಿ', ಸೂರ್ಯ ಅನ್ನೋದೆಲ್ಲ 'ಸೂಯರ್'. ಅರ್ಕಾವತ್ತಿನ ಸಮಸ್ಯೆ ಇದು, ಬಾಯಲ್ಲಿ ಮೊದಲು ಬರೋದು ರ, ಆದ್ರೆ ಬರವಣಿಗೇಲಿ ಅದು ಅಕ್ಷರದ ಆಚೆ ಪಕ್ಕ ಕೂರುತ್ತೆ, ಹಳೇ ಫಾಂಟು ಕಣ್ಣಿಗೆ ಕಂಡ ಹಾಗೆ ಇಡ್ತಿತ್ತು, ಯೂನಿಕೋಡು ಬಾಯಲ್ಲಿ ಹೇಳೋ ಹಾಗೆ ಇಡುತ್ತೆ, ಸ್ಥಾನ ತಿರುಗ್ಸೋದು ತಪ್ಪಿದ್ರೆ ಹಸೆ ಮೇಲೆ ಪಾರ್ವತಿ ಬದಲು ಪಾವರ್ತಿ ಕೂರ್ತಾಳೆ. ಇದನ್ನೆಲ್ಲ ಕೈಯಾರೆ ತಿದ್ದೋಕೆ ಎರಡು ವಾರ ಹಿಡೀತು.

ತಿದ್ದಿ ಮುಗಿಸಿ ಪ್ರಿಂಟ್ ತೆಗೆದು ಆಯಿ ಕೈಗೆ ಕೊಟ್ಟೆ. ಕನ್ನಡಕ ಏರ್ಸಿ ಮೊದಲ ಪುಟ ನೋಡಿದ್ಳು, ಎರಡನೇದು ನೋಡಿದ್ಳು, ಆಮೇಲೆ ಕೇಳಿದ್ಳು, "ಧಾಟಿ ಎಲ್ಲಿದ್ದು?"

ಅಜ್ಜಿ ಪ್ರತಿ ಹಾಡಿನ ತಲೆ ಮೇಲೆ ಅದು ಯಾವ ಹಾಡಿನ ಧಾಟಿ ಅಂತ ಸಣ್ಣಕ್ಕೆ ಬರೆದಿಡ್ತಿದ್ಲಂತೆ. ಸಾಲಿನ ಕೊನೇಲಿ ಅಲೆ ತರ ಒಂದು ಗೀಟು, ಅಂದ್ರೆ ಇಲ್ಲಿ ಎಳೀಬೇಕು. ಎರಡು ಚುಕ್ಕಿ ಇದ್ರೆ ಜೊತೆಯವರು ತಿರುಗಿ ಹೇಳ್ಬೇಕು. ಟೈಪ್ ಮಾಡಿದವರಿಗೆ ಅದು ಪೆನ್ನು ಜಾರಿದ ಗುರುತು ಅನ್ನಿಸಿರ್ಬೇಕು, ಬಿಟ್ಟಿದಾರೆ. ಪ್ರೂಫ್ ನೋಡಿದ್ದು ನಾನು, ನನಗೂ ಅದು ಕಾಣ್ಲಿಲ್ಲ. ಇಪ್ಪತ್ತು ವರ್ಷದ ಹಿಂದೆ ಪಟ್ಟಿಯ ಒಂದೊಂದು ಹಾಳೆಗೂ ಒಂದು ಫೋಟೋ ಹೊಡೆದಿಟ್ಟಿದ್ರೆ ಆ ಗೀಟು, ಚುಕ್ಕಿ, ಎಣ್ಣೆ ಕಲೆ ಸಮೇತ ಉಳೀತಿತ್ತು. ಅಕ್ಷರ ಉಳ್ಸಿದ್ವಿ, ಹಾಡು ಬಿಟ್ವಿ. ಇದು ನನ್ನನ್ನ ಇವತ್ತಿಗೂ ಕೊರೀತಾ ಇದೆ.

ಇನ್ನೊಂದು ಆಗಿದ್ದು ಹೇಳ್ಬೇಕು. ಆಯಿಗೆ ಫೋನಲ್ಲಿ ಮಾತಾಡಿದ್ರೆ ಅದೇ ಟೈಪ್ ಆಗುತ್ತೆ ಅಂತ ತೋರ್ಸ್ಕೊಟ್ಟೆ, ಚಿಕ್ಕಮ್ಮಂಗೆ ಮೆಸೇಜ್ ಮಾಡೋಕೆ. ಆಯಿ "ಭಾವ ಬೈಂದ" ಅಂದ್ಳು. ನಮ್ಮ ಹವ್ಯಕರ ಮಾತಲ್ಲಿ ಬೈಂದ ಅಂದ್ರೆ ಬಂದಿದಾನೆ. ಫೋನ್ ಬರ್ದಿದ್ದು "ಭಾವ ಬೈದ". ಚಿಕ್ಕಮ್ಮ ಗಾಬರಿಯಾಗಿ ಫೋನ್ ಮಾಡಿದ್ಳು, ಯಾಕೆ ಬೈದ ಎಂತಾ ಆತು ಅಂತ. ಆಗ ಎಲ್ಲರೂ ನಕ್ವಿ, ಆದ್ರೆ ರಾತ್ರಿ ಮಲಗಿದಾಗ ಅದು ನಗೋ ವಿಷಯ ಅಲ್ಲ ಅನ್ನಿಸ್ತು. ಈ ಯಂತ್ರಗಳು ಕಲಿಯೋದು ಬರೆದಿಟ್ಟ ಕನ್ನಡದಿಂದ, ದನಿ ದಾಖಲೆ ಮಾಡಿದ ಕನ್ನಡದಿಂದ. ಪೇಪರಿನ ಕನ್ನಡ ಇಂಟರ್ನೆಟ್ಟಲ್ಲಿ ರಾಶಿ ಇದೆ. ನಮ್ಮ ಆಯಿಯ ಮಾತು, ಹಸೆ ಚಿತ್ತಾರ ಬರೆಯೋ ದೀವರ ಹೆಂಗಸರ ಹಾಡು, ದೀಪಾವಳಿ ರಾತ್ರಿ ದೀಪ ಹಿಡ್ಕೊಂಡು ಮನೆ ಮನೆಗೆ ಬರೋ ಅಂಟಿಗೆ ಪಂಟಿಗೆಯವರ ಪದ, ಇವೆಲ್ಲ ಅಲ್ಲಿ ಎಷ್ಟಿದೆ? ಇಲ್ಲದ್ದನ್ನ ಯಂತ್ರ ತಪ್ಪು ಅಂದ್ಕೊಂಡು ತಿದ್ದುತ್ತೆ, ನಮ್ಮ ಮಕ್ಕಳೂ ಫೋನ್ ತಿದ್ದಿದ್ದೇ ಸರಿ ಅಂತ ನಂಬ್ತಾವೆ. ನಾಳೆ ಆ ಮಗುಗೆ ಅಜ್ಜಿ ಮಾತಾಡೋದೇ ತಪ್ಪು ಕನ್ನಡ ಅನ್ನಿಸ್ಬಾರ್ದು ಅಲ್ವಾ.

ಹಾಗಂತ ಫೋನ್ ಬೇಡ ಅಂತಲ್ಲ, ಫೋನೇ ಬೇಕು. ನಮ್ಮ ಹಳೇ ಮನೆಗಳಲ್ಲಿ ಓಲೆಗರಿಗಳಿದಾವಲ್ಲ ತಿಗಳಾರಿ ಲಿಪಿದು, ಆ ಲಿಪಿಗೆ ಯೂನಿಕೋಡಲ್ಲಿ ಜಾಗ ಸಿಕ್ಕಿದ್ದು 2024ರ ಸೆಪ್ಟೆಂಬರಲ್ಲಿ, ತುಳು-ತಿಗಳಾರಿ ಅನ್ನೋ ಹೆಸರಲ್ಲಿ. ಈಗ ಅದನ್ನೂ ಟೈಪ್ ಮಾಡಿಡ್ಬಹುದು, ಆದ್ರೆ ಓದೋರು ನಮ್ಮೂರಲ್ಲಿ ಉಳ್ದಿರೋದು ಒಬ್ಬರೇ, 84 ವರ್ಷ ಅವರಿಗೆ. ಕೇರಿ ಆಗಿದೆ, ಒಕ್ಕಲು ಇಲ್ಲ. ಇತ್ತ ಯೂನಿಕೋಡ್ ಬಂದು ಇಷ್ಟು ವರ್ಷ ಆದ್ರೂ ಮೊನ್ನೆ ಒಂದು ಕಡೆ ಅರ್ಜಿ ಜೊತೆ ಕೊಟ್ಟ ಫೈಲನ್ನ "ಹಳೇ ಫಾಂಟಲ್ಲೇ ಕೊಡಿ" ಅಂತ ವಾಪಸ್ ಕೊಟ್ರು. ಹಳೇ ಫಾಂಟಲ್ಲಿ ಬರೆದಿದ್ದನ್ನ ಗೂಗಲಲ್ಲಿ ಹುಡುಕಿದ್ರೆ ಸಿಗಲ್ಲ, ಕುರುಡರಿಗೆ ಓದಿ ಹೇಳೋ ಸಾಫ್ಟ್‌ವೇರಿಗೆ ಅದು ಕನ್ನಡ ಅಂತ್ಲೇ ಗೊತ್ತಾಗಲ್ಲ. ದಯವಿಟ್ಟು ಮನೇಲಿರೋ ಸೀಡಿ, ಹಳೇ ಪೆನ್‌ಡ್ರೈವ್ ತೆಗೆದು ನೋಡಿ, ಈ ಮಳೆಗಾಲ ಕಳೆಯೋದು ಕಾಯ್ಬೇಡಿ. ಬೂಷ್ಟು ಕಾಯಲ್ಲ.

ನಮ್ಮನೇಲಿ ಈಗ ಭಾನುವಾರ ಮಧ್ಯಾಹ್ನ ಆಯಿ ಹಾಡೋದು, ನಾನು ಫೋನ್ ಹಿಡಿಯೋದು. ಆಯಿಗೆ 76. ಒಂದು ಹಾಡು ಮುಗಿಯೋಕೆ ಮೂರು ಸಲ ಉಸಿರು ತಗೋತಾಳೆ, ನಡುವೆ ಅಂಗಳದಲ್ಲಿ ಅಡಿಕೆ ಹರವೋರ ಸದ್ದು ಬರುತ್ತೆ, ಇರ್ಲಿ ಅಂತ ಅದನ್ನೂ ಕತ್ತರಿಸ್ತಿಲ್ಲ. ಧಾಟಿ ನೆನಪಾಗದ ಹಾಡಿಗೆ ಕೈಯನ್ನ ಅರಿಶಿನ ಹಚ್ಚೋ ಹಾಗೆ ಗಾಳಿಯಲ್ಲಿ ಆಡ್ಸ್ತಾಳೆ, ನಾಲ್ಕು ಸಲ ಕೈ ಆಡ್ಸಿದ್ ಮೇಲೆ ಧಾಟಿ ತಾನಾಗೇ ಬಾಯಿಗೆ ಬರುತ್ತೆ. ಅದನ್ನ ನೋಡಿದ್ ಮೇಲೆ ಬರೀ ದನಿ ಬಿಟ್ಟು ವಿಡಿಯೋನೇ ಮಾಡ್ತಿದೀನಿ.

ಹೋದ ವಾರ ಹಸೆಗೆ ಕರೆಯೋ ಹಾಡು ಹಾಡ್ಸಿ ಮನೆಯವರ ವಾಟ್ಸಾಪ್ ಗ್ರೂಪಿಗೆ ಹಾಕ್ದೆ. ಸಿದ್ದಾಪುರದ ಚಿಕ್ಕಮ್ಮಂದು ಅರ್ಧ ಗಂಟೆಗೆ ವಾಯ್ಸ್ ಮೆಸೇಜ್ ಬಂತು, "ಅಕ್ಕಾ ಹಾಂಗಲ್ದೆ, ಮೂರನೇ ಸಾಲು ಹೀಂಗೆ" ಅಂತ ಹಾಡೇ ಬಿಟ್ಲು. ಆಯಿ ಕೇಳಿ ಒಪ್ಲಿಲ್ಲ, ಅಮ್ಮ ಹೇಳ್ತಿದ್ದಿದ್ದು ಯನ್ನಂಗೇ ಅಂತ ಮತ್ತೆ ಹಾಡಿ ಕಳ್ಸಿದ್ಲು. ರಾತ್ರಿ ಹತ್ತರತನಕ ಅಕ್ಕ ತಂಗಿ ಇಬ್ಬರದ್ದೂ ಅದೇ. ಎರಡನ್ನೂ ಸೇವ್ ಮಾಡಿದೀನಿ, ಒಂದಕ್ಕೆ ಸಾಗರ ಅಂತ, ಒಂದಕ್ಕೆ ಸಿದ್ದಾಪುರ ಅಂತ ಹೆಸರಿಟ್ಟು. 83ರಲ್ಲಿ 19 ಆಗಿದೆ.