ಎರಡನೆಯ ಕೊಡದ ನೀರು

ಬಾಗಲಕೋಟೆಯ ಕಡೆ ನಾವು ಮರಕ್ಕೆ ಮರ ಎನ್ನುವುದಿಲ್ಲ. ಜೋಳ ಕೇರುವ ಮೊರಕ್ಕೆ ನಮ್ಮಲ್ಲಿ ಮರ ಎಂದು ಹೆಸರು; ಹಿತ್ತಲಲ್ಲಿ ನಾಲ್ಕು ತಲೆಮಾರನ್ನು ಕಂಡು ನಿಂತ ಹುಣಸೆಗೂ ನಿನ್ನೆ ಮೊಳೆತ ತುಳಸಿಗೂ ಗಿಡ ಎಂಬುದೊಂದೇ ಮಾತು. ಶಾಲೆಯ ಪುಸ್ತಕದಲ್ಲಿ ಹುಡುಗನೊಬ್ಬ ಮರ ಹತ್ತಿದನೆಂದು ಮೊದಲ ಸಲ ಓದಿದಾಗ, ನಮ್ಮ ಆಯಿ, ಅಂದರೆ ಅಜ್ಜಿ, ಅಂಗಳದಲ್ಲಿ ಕುಳಿತು ಕೇರುತ್ತಿದ್ದ ಆ ಬಿದಿರಿನ ಮರದ ಮೇಲೆ ಅವನು ಹೇಗೆ ನಿಂತಾನು ಎಂದು ನಾನು ನಿಜವಾಗಿಯೂ ಯೋಚಿಸಿದ್ದೆ.

ಕೆಲವು ವರ್ಷಗಳಿಂದ, ಬೆಳೆಯುವ ಮಗುವಿನ ಪಕ್ಕದಲ್ಲಿ ಗಿಡವೊಂದು ನಿಂತಿರುವ ಆತ್ಮಕಥೆ, ಕಾದಂಬರಿಗಳನ್ನು ಹುಡುಕಿ ಓದುವುದು ನನಗೆ ಅಭ್ಯಾಸವಾಗಿದೆ. ಮಲೆನಾಡಿನವರು ಬರೆದ ಬಾಲ್ಯದಲ್ಲಿ ಗಿಡಗಳು ಒಂಟಿಯಾಗಿ ಬರುವುದು ಅಪರೂಪ. ಕುವೆಂಪು ಅವರ ‘ನೆನಪಿನ ದೋಣಿಯಲ್ಲಿ’ ಓದುವಾಗ ಕಾಡು ಇಡಿಯಾಗಿ ಬಂದು ಮಗುವನ್ನು ಸುತ್ತುವರಿಯುತ್ತದೆ. ಬಯಲುಸೀಮೆಯ ಮಗುವಿಗೆ ಆ ಭಾಗ್ಯವಿಲ್ಲ. ಎರೆಭೂಮಿಯಲ್ಲಿ ಕಣ್ಣು ಹಾಯುವವರೆಗೆ ಒಂದು ಬೇವು, ಅದರಾಚೆ ಒಂದು ಜಾಲಿ, ಹೊಲದ ಬದುವಿಗೆ ಒಂದು ಬನ್ನಿ. ಹಾಗಾಗಿ ಇಲ್ಲಿ ಒಂದೊಂದು ಗಿಡವನ್ನೂ ಜನರನ್ನು ಗುರುತಿಸುವಂತೆ ಗುರುತಿಸುತ್ತಾರೆ, ಯಾರ ಮನೆಯದು, ಯಾರ ಕಾಲದ್ದು, ಅದರ ಕೆಳಗೆ ಏನು ನಡೆದಿತ್ತು ಎಂಬುದರ ಸಮೇತ. ನನಗೆ ಹಾಗೆ ಗುರುತಿದ್ದದ್ದು ಹಳೆ ಊರಿನ ನಮ್ಮ ಹಿತ್ತಲಿನ ಹುಣಸಿ ಗಿಡ.

ನುಗ್ಗೆಯ ಟೊಂಗೆಯನ್ನು ನಂಬಬಾರದು, ಹುಣಸೆಯದನ್ನು ನಂಬಬಹುದು ಎಂಬುದು ನಮ್ಮ ಓಣಿಯ ಮಕ್ಕಳಿಗೆ ಅಕ್ಷರಕ್ಕಿಂತ ಮೊದಲು ಗೊತ್ತಿದ್ದ ವಿದ್ಯೆ. ನೆಲದಿಂದ ಆಳೆತ್ತರದಲ್ಲಿ ಕಾಂಡ ಎರಡಾಗಿ ಸೀಳಿತ್ತು. ಆ ಕವಲಿನಲ್ಲಿ ಬೆನ್ನು ಕೊಟ್ಟು ಕುಳಿತರೆ ಎದುರಿನ ಸಣ್ಣ ಟೊಂಗೆಗಳ ಹೂವು ಮುಖದ ಹತ್ತಿರಕ್ಕೇ ಬರುತ್ತಿತ್ತು. ಹುಣಸೆಯ ಹೂವನ್ನು ಕೆಳಗೆ ನಿಂತು ನೋಡಿದವರು ಅದನ್ನು ಹೂವೆಂದು ಲೆಕ್ಕಕ್ಕೇ ಹಿಡಿಯುವುದಿಲ್ಲ. ಹತ್ತಿರದಿಂದ ನೋಡಿದರೆ ತೆಳು ಹಳದಿಯ ಎಸಳಿನ ಮೇಲೆ, ಯಾರೋ ಸೂಜಿಯಿಂದ ಎಳೆದಂತೆ, ಕೆಂಪು ಗೆರೆಗಳಿರುತ್ತವೆ. ಸಂಜೆಯಾದಂತೆ ಎಲೆಗಳು ಜೋಡಿಜೋಡಿಯಾಗಿ ಮಡಚಿಕೊಳ್ಳುವುದನ್ನು ನಾನು ಎಷ್ಟೋ ದಿನ ಅಲ್ಲಿಯೇ ಕುಳಿತು ಕಂಡಿದ್ದೇನೆ.

ನನಗಾಗ 13 ವರ್ಷ. ಬೇಸಿಗೆ ರಜೆಯ ಒಂದು ಮಧ್ಯಾಹ್ನ ನಾನೂ ತಮ್ಮನೂ ಗಿಡದ ಮೇಲಿದ್ದೆವು. ಆಯಿ ಹಿತ್ತಲ ಬಾಗಿಲಿಗೆ ಬಂದು, ನನ್ನ ಲಂಗದ ಕಡೆ ಒಂದು ಗಳಿಗೆ ನೋಡಿ, ದನಿ ಏರಿಸದೆ ಹೇಳಿದರು: “ಇಳಿಯವ್ವಾ ಕೆಳಗ. ಇನ್ನ ಗಿಡಾ ಹತ್ತೂದು ಸಾಕು.” ತಮ್ಮನನ್ನು ಇಳಿಯೆಂದು ಯಾರೂ ಹೇಳಲಿಲ್ಲ. ನಾನು ಇಳಿಯುವಾಗ ಅವನು ನನ್ನ ಕವಲಿಗೆ ಸರಿದು ಕುಳಿತದ್ದು ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ.

ನಾನು ದೊಡ್ಡಾಕಿಯಾಗಿದ್ದೆ. ಮುಟ್ಟಾದವಳು ಮುಟ್ಟಿದರೆ ಹಸಿ ಗಿಡವೂ ಒಣಗುತ್ತದೆ ಎಂದು ನೆರೆಮನೆಯ ಅಜ್ಜಿಯೊಬ್ಬರು ಹೇಳಿದರು. ಆ ಮಾತು ನನ್ನನ್ನು ಗಾಯಗೊಳಿಸಿದಷ್ಟು ಬೇರೆ ಯಾವ ಮಾತೂ ಆ ದಿನಗಳಲ್ಲಿ ಗಾಯಗೊಳಿಸಲಿಲ್ಲ, ಏಕೆಂದರೆ ನಾನು ಅದನ್ನು ನಂಬಿದೆ. ಆ ಮಧ್ಯಾಹ್ನದ ತನಕ ಅದೇ ಗಿಡವನ್ನು ತಬ್ಬಿಕೊಂಡು ಹತ್ತಿದ್ದೆನಲ್ಲ, ಈಗ ಅದು ಒಣಗಿದರೆ ಎಂಬ ಭಯದಲ್ಲಿ, ಹೊರಗೆ ಕುಳಿತ ನಾಲ್ಕು ದಿನವೂ ಕಿಟಕಿಯಿಂದ ಅದರ ತುದಿಯ ಎಲೆಗಳನ್ನು ನೋಡುತ್ತಲೇ ಇದ್ದೆ. ಐದನೆಯ ದಿನ ಎಣ್ಣೆ ಹಚ್ಚಿ ಎರೆದರು, ಹಸಿರು ಸೀರೆ ಉಡಿಸಿ ಉಡಿ ತುಂಬಿದರು. ಗಿಡ ಹಸಿರಾಗಿಯೇ ಇತ್ತು.

ಆ ಮೇಲೆ ಆ ಗಿಡದಲ್ಲಿ ನನಗೆ ಉಳಿದ ಪಾಲೆಂದರೆ ಪಂಚಮಿಯ ಜೋಕಾಲಿ. ಶ್ರಾವಣದಲ್ಲಿ ಹಗ್ಗ ಕಟ್ಟಿ, ತವರಿಗೆ ಬಂದ ಹೆಣ್ಣುಮಕ್ಕಳೆಲ್ಲ ಸೀರೆಯ ಸೆರಗು ಸಿಕ್ಕಿಸಿಕೊಂಡು ಜೀಕುವಾಗ ಅವರ ಪಾದಗಳು ಎಲೆಗೆ ತಾಗುತ್ತಿದ್ದವು. ಮುಂದೆ ಇಟಲಿಯ ಲೇಖಕ ಇಟಾಲೋ ಕಾಲ್ವಿನೋ ಅವರು 1957ರಲ್ಲಿ ಪ್ರಕಟಿಸಿದ, ಮರದ ಮೇಲಿನ ಬ್ಯಾರನ್‌ನ ಕಾದಂಬರಿ ಓದುವಾಗ ನನಗೆ ಇದು ನೆನಪಾಗಿ ಓದು ಅಲ್ಲಿಯೇ ನಿಂತಿತು. ಹನ್ನೆರಡು ವರ್ಷದ ಕೋಸಿಮೋ 1767ರ ಜೂನ್ 15ರಂದು, ಊಟಕ್ಕೆ ಬಡಿಸಿದ ಬಸವನಹುಳುಗಳನ್ನು ಒಲ್ಲೆನೆಂದು ಗಿಡ ಹತ್ತುತ್ತಾನೆ, ಮತ್ತೆ ಎಂದೂ ನೆಲಕ್ಕೆ ಕಾಲಿಡುವುದಿಲ್ಲ. ಹತ್ತಿದ ದಿನವೇ ಪಕ್ಕದ ತೋಟದಲ್ಲಿ ಅವನಿಗೆ ಹುಡುಗಿಯೊಬ್ಬಳು ಕಾಣುತ್ತಾಳೆ. ಅವಳು ಉಯ್ಯಾಲೆಯ ಮೇಲಿರುತ್ತಾಳೆ. ಸಮುದ್ರದಾಚೆಯ ದೇಶದಲ್ಲಿಯೂ ಗಂಡುಹುಡುಗನಿಗೆ ಟೊಂಗೆ, ಹೆಣ್ಣುಹುಡುಗಿಗೆ ಹಗ್ಗ. ಕೋಸಿಮೋನ ಕತೆ ನನಗೆ ಬಹಳ ಪ್ರಿಯವಾದದ್ದು, ಆದರೆ ಇಳಿಯೆಂದು ಅಪ್ಪ ಗದರಿಸಿದರೂ ಇಳಿಯದೆ ಇರಬಹುದಾದ ಸ್ವಾತಂತ್ರ್ಯ ಯಾರಿಗಿದೆ ಎಂಬುದನ್ನು ಮರೆತು ಅದನ್ನು ಓದಲು ನನ್ನಿಂದ ಆಗುವುದಿಲ್ಲ.

ನಮ್ಮ ಮಹಾಭಾರತದಲ್ಲಿಯೂ ಗಿಡ ಹತ್ತಿ ದೊಡ್ಡವನಾಗುವ ಹುಡುಗನಿದ್ದಾನೆ. ಹೆಣ್ಣುಮಕ್ಕಳ ಮುಂದೆ ಜಂಬ ಕೊಚ್ಚಿದ ಉತ್ತರಕುಮಾರ ಕೌರವರ ಸೇನೆಯನ್ನು ಕಂಡು ರಥದಿಂದ ಹಾರಿ ಓಡುತ್ತಾನೆ. ಬೃಹನ್ನಳೆ ಅವನನ್ನು ಹಿಡಿದು ತಂದು ಬನ್ನಿಯ ಗಿಡ ಹತ್ತಿಸುತ್ತಾನೆ. ಹೆಣ ಕಟ್ಟಿದ ಗಿಡವೆಂದು ಅವನು ಹೇಸುತ್ತಾನೆ, ಗಂಟು ಬಿಚ್ಚಿದಾಗ ಆಯುಧಗಳು ಹಾವುಗಳಂತೆ ಕಂಡು ನಡುಗುತ್ತಾನೆ, ಆದರೂ ಒಂದೊಂದಾಗಿ ಕೆಳಗಿಳಿಸುತ್ತಾನೆ. ಹತ್ತಿದವನು ಬೇರೆ, ಇಳಿದವನು ಬೇರೆ. ವಿಜಯದಶಮಿಯ ಸಂಜೆ ಬನ್ನಿ ಕೊಟ್ಟು “ಬಂಗಾರದಂಗ ಇರೋಣು” ಎಂದು ಹಿರಿಯರ ಕಾಲಿಗೆರಗುವಾಗ ಅರ್ಜುನನನ್ನು ನೆನೆಯುವವರೇ ಎಲ್ಲರೂ. ನಾನು ಆ ನಡುಗುವ ಹುಡುಗನನ್ನು ನೆನೆಯುತ್ತೇನೆ. ಅವನನ್ನು ಗಿಡ ಹತ್ತು ಎಂದು ಬಲವಂತ ಮಾಡಿದವರು ಸೀರೆ ಉಟ್ಟಿದ್ದರು ಎಂಬುದೂ ನನಗೆ ಸಣ್ಣ ಸಂಗತಿಯಲ್ಲ.

ಹುಡುಗ ಗಿಡ ಹತ್ತುತ್ತಾನೆ. ನಮ್ಮ ಕತೆಗಳಲ್ಲಿ ಹುಡುಗಿ ಗಿಡವೇ ಆಗುತ್ತಾಳೆ. ಇದನ್ನು ನನಗೆ ಮೊದಲು ಹೇಳಿದವರು ಆಯಿ, ಅದೂ ಆ ನಾಲ್ಕು ದಿನಗಳಲ್ಲಿ ಒಂದು ರಾತ್ರಿ, ನಾನು ಚಾಪೆಯ ಮೇಲೆ, ಅವರು ಹೊಸ್ತಿಲಾಚೆ ಕುಳಿತಿದ್ದಾಗ. ಅದು ಹೂವಿನ ಗಿಡವಾಗುವ ಹುಡುಗಿಯ ಕತೆ. ಬಡ ಮುದುಕಿಗೆ ಇಬ್ಬರು ಹೆಣ್ಣುಮಕ್ಕಳು. ಅವ್ವ ಕೂಲಿ ಮಾಡಿ ಸವೆಯುವುದನ್ನು ನೋಡಲಾರದೆ ಕಿರಿಯವಳು ಅಕ್ಕನಿಗೆ ಹೇಳುತ್ತಾಳೆ: ನೆಲ ಸಾರಿಸು, ಎರಡು ಕೊಡ ನೀರು ತಾ, ಉಗುರು ತಾಗಿಸಬೇಡ, ಒಂದು ಕೊಡ ಸುರಿದರೆ ನಾನು ಗಿಡವಾಗುತ್ತೇನೆ, ಚಿಗುರು ಮುರಿಯದಂತೆ ಹೂ ಬಿಡಿಸಿಕೋ, ಇನ್ನೊಂದು ಕೊಡ ಸುರಿದರೆ ಮತ್ತೆ ಮನುಷ್ಯಳಾಗುತ್ತೇನೆ. ಹೂವು ಅರಮನೆಗೆ ಹೋಗುತ್ತದೆ, ರಾಜಕುಮಾರ ಗುಟ್ಟು ಪತ್ತೆ ಮಾಡಿ ಅವಳನ್ನು ಮದುವೆಯಾಗುತ್ತಾನೆ, ರಾತ್ರಿ ರಾತ್ರಿ ಗಿಡವಾಗೆನ್ನುತ್ತಾನೆ. ಒಂದು ದಿನ ನಾದಿನಿ ಅವಳನ್ನು ತೋಟಕ್ಕೆ ಕರೆದೊಯ್ದು, ಗೆಳತಿಯರ ಮುಂದೆ ಗಿಡವಾಗಲು ಪೀಡಿಸಿ, ಹೂವಿಗಾಗಿ ಟೊಂಗೆಗಳನ್ನೇ ಮುರಿದು, ಎರಡನೆಯ ಕೊಡವನ್ನು ಹೇಗೆ ಬೇಕೋ ಹಾಗೆ ಚೆಲ್ಲಿ ಓಡುತ್ತಾಳೆ. ಹುಡುಗಿ ಕೈಯಿಲ್ಲದ, ಕಾಲಿಲ್ಲದ ಮುದ್ದೆಯಾಗಿ ಚರಂಡಿಗೆ ಉರುಳುತ್ತಾಳೆ.

ಹತ್ತು ವರ್ಷದ ಮೇಲೆ, ಬೆಳಗಾವಿಯಲ್ಲಿ ಎಂ.ಎ. ಓದುವಾಗ, ಎ.ಕೆ. ರಾಮಾನುಜನ್ ಅವರ ನಿಧನಾನಂತರ 1997ರಲ್ಲಿ ಬಂದ ಜನಪದ ಕತೆಗಳ ಸಂಕಲನ ಕೈಗೆ ಸಿಕ್ಕಿತು. ಅದರ ಹೆಸರೇ ಆ ಹೂವಿನ ಗಿಡ. 1950ರ ದಶಕದಲ್ಲಿ ಅವರು ಇದೇ ಬೆಳಗಾವಿಯ ಲಿಂಗರಾಜ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸುತ್ತಿದ್ದವರು. ಓದುಕೋಣೆಯಲ್ಲಿ ನಾನು ಆ ಕತೆಯನ್ನು ಒಂದೇ ಉಸಿರಿಗೆ ಓದಿ, ಪುಸ್ತಕ ಮುಚ್ಚಿ, ಹೊರಗೆ ಬಂದು ಬಹಳ ಹೊತ್ತು ನಿಂತೆ. ಆಯಿ ತೋಟವೆಂದಷ್ಟೇ ಹೇಳಿದ್ದರು. ಅಲ್ಲಿ ಅದು ಸುರಹೊನ್ನೆಯ ತೋಪು. ಮುಟ್ಟಾದ ಹೆಣ್ಣಿಗೆ ಸಂಸ್ಕೃತದಲ್ಲಿ ಪುಷ್ಪವತಿ ಎನ್ನುತ್ತಾರೆಂಬುದನ್ನು ರಾಮಾನುಜನ್ ಈ ಕತೆಯ ಕುರಿತ ಪ್ರಬಂಧದಲ್ಲಿ ನೆನಪಿಸುತ್ತಾರೆ, ಕತೆಯಲ್ಲಿ ಅವಳು ಐದು ಸಲ ಗಿಡವಾಗುವುದನ್ನು ಎಣಿಸುತ್ತಾರೆ. ನಾನು ಅವನ್ನು ನನ್ನದೇ ಬೆರಳಿನಲ್ಲಿ ಮತ್ತೆ ಎಣಿಸಿದೆ. ಮೊದಲ ಸಲ ತನ್ನ ಇಚ್ಛೆಯಿಂದ, ಅವ್ವನ ಹಸಿವಿಗಾಗಿ. ಎರಡನೆಯ ಸಲವೂ ಇಚ್ಛೆ ತನ್ನದೇ, ಆದರೆ ಮರೆಯಲ್ಲಿ ಪರರ ಕಣ್ಣಿದೆ. ಮೂರನೆಯದು ಗಂಡನ ಆಸೆಗೆ, ನಾಲ್ಕನೆಯದು ನಾದಿನಿಯ ಹಟಕ್ಕೆ. ಐದನೆಯದು ಮುರಿದದ್ದನ್ನು ಕೂಡಿಸಲು. ಒಬ್ಬ ಹುಡುಗಿಯ ಮೈ ಅವಳ ಕೈಯಿಂದ ಹೇಗೆ ಸ್ವಲ್ಪಸ್ವಲ್ಪವೇ ಜಾರುತ್ತದೆ ಎಂಬುದನ್ನು ಇಷ್ಟು ನಿಖರವಾಗಿ ಹೇಳಿದ ಇನ್ನೊಂದು ಬರಹವನ್ನು ನಾನು ಕಂಡಿಲ್ಲ.

ಗಿಡವಾಗುವುದು ಅವಳ ಶಕ್ತಿ, ನಿಜ. ಆದರೆ ಕತೆಯ ಕಣ್ಣೆಲ್ಲ ಎರಡನೆಯ ಕೊಡದ ಮೇಲಿದೆ. ಗಿಡವಾದವಳು ತನ್ನ ಮೇಲೆ ತಾನೇ ನೀರು ಸುರಿದುಕೊಳ್ಳಲಾರಳು. ಬಾಯಿ ಬಿಟ್ಟು ಕೇಳಲೂ ಆರಳು. ಕೊಡ ಹಿಡಿದವರು ಯಾರು, ಅವರ ಉಗುರು ಎಲ್ಲಿದೆ ಎಂಬುದರ ಮೇಲೆ ಅವಳು ಪೂರ್ತಿಯಾಗಿ ಮರಳುತ್ತಾಳೋ ಇಲ್ಲವೋ ಎಂಬುದು ನಿಂತಿದೆ. ಮಧ್ಯಾಹ್ನ ನನ್ನನ್ನು ಗಿಡದಿಂದ ಇಳಿಸಿದ ಆಯಿ ರಾತ್ರಿ ಇದೇ ಕತೆಯನ್ನು ಏಕೆ ಆರಿಸಿಕೊಂಡರು? ನೆರೆಯವರ ಮಾತಿಗೆ ಅವರು ಎದುರಾಡಲಿಲ್ಲ, ರೂಢಿಯನ್ನು ಮೀರಲೂ ಇಲ್ಲ. ಆದರೆ ಮುಟ್ಟಿದರೆ ಗಿಡ ಒಣಗುತ್ತದೆ ಎಂಬ ಮಾತನ್ನು ಕೇಳಿ ಅಳುತ್ತಿದ್ದ ಹುಡುಗಿಗೆ, ಮೈಯೇ ಗಿಡವಾಗಿ ಹೂವು ಬಿಟ್ಟವಳೊಬ್ಬಳ ಕತೆಯನ್ನು ಕೊಟ್ಟರು. ಅದನ್ನು ನಾನು ಈಗ ಉಪಕಾರವೆಂದು ತಿಳಿಯುತ್ತೇನೆ.

ಹುಣಸಿ ಗಿಡ ಆ ಮೇಲೆ ಹೆಚ್ಚು ವರ್ಷ ಉಳಿಯಲಿಲ್ಲ. 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿ ಅವರು ಅಡಿಗಲ್ಲು ಹಾಕಿದ ಆಲಮಟ್ಟಿ ಅಣೆಕಟ್ಟೆಯಲ್ಲಿ 519.60 ಮೀಟರಿನವರೆಗೆ ನೀರು ನಿಲ್ಲಿಸುವುದೆಂದಾದಾಗ, ಘಟಪ್ರಭೆಯ ದಂಡೆಯ ನಮ್ಮ ಓಣಿ ಮುಳುಗಡೆಯ ಪಟ್ಟಿಗೆ ಸೇರಿತು. ಆಗ ಜಾರಿಯಲ್ಲಿದ್ದ 1894ರ ಭೂಸ್ವಾಧೀನ ಕಾಯ್ದೆಯಲ್ಲಿ ನಿಂತ ಗಿಡಕ್ಕೂ ಪರಿಹಾರವಿತ್ತು. ಅಳತೆಯವರು ಬಂದು ಕಾಂಡಕ್ಕೆ ಟೇಪು ಸುತ್ತಿ ಬರೆದುಕೊಂಡರು. ಟೇಪು ಸರಿಯಾಗಿ ಕೂಡಲೆಂದು ಒಬ್ಬರು ತೊಗಟೆಯ ಚಕ್ಕೆಯೊಂದನ್ನು ಉಗುರಿನಿಂದ ಎಬ್ಬಿಸಿದಾಗ ಆಯಿ, “ಹಂಗ ಕೆರೀಬ್ಯಾಡ್ರಿ ಯಪ್ಪಾ, ಇನ್ನೂ ಜೀವ ಐತಿ ಅದಕ್ಕ” ಎಂದರು. ಆತ ಒಳ್ಳೆಯ ಮನುಷ್ಯ, ಕೈ ಹಿಂದಕ್ಕೆ ತೆಗೆದುಕೊಂಡರು. ಅವ್ವ ಕಡಿಸಿ ಕಟ್ಟಿಗೆ ಮಾರೋಣವೆಂದರೂ ಆಯಿ ಒಪ್ಪಲಿಲ್ಲ. ಮುಳುಗಡೆಯವರಿಗೆಂದು ಕಟ್ಟಿದ ನವನಗರಕ್ಕೆ ನಾವು ಬಂದೆವು, ಹಿನ್ನೀರು ಹಿತ್ತಲಿಗೆ ಬಂದಿತು. ಕತೆಯ ಹುಡುಗಿಗೆ ಒಂದು ಕೊಡ ಸಾಕಾಗಿತ್ತು. ನಮ್ಮ ಗಿಡ ಹೊಳೆಯಲ್ಲಿಯೇ ನಿಂತಿತು, ಎರಡು ಮಳೆಗಾಲ ಎಲೆಯಿಲ್ಲದೆ.

ಬ್ರೆಜಿಲ್‌ನ ಜೋಸೆ ಮೌರೊ ದೆ ವಾಸ್ಕೊನ್ಸೆಲೊಸ್ 1968ರಲ್ಲಿ ತಮ್ಮ ಬಾಲ್ಯವನ್ನೇ ಆಧರಿಸಿ ಬರೆದ ಕಾದಂಬರಿಯಲ್ಲಿ, ಝೆಝೆ ಎಂಬ ಬಡ ಹುಡುಗ ಹಿತ್ತಲಿನ ಸಣ್ಣ ಕಿತ್ತಳೆ ಗಿಡದೊಂದಿಗೆ ಮಾತಾಡುತ್ತಾನೆ. ರಸ್ತೆ ಅಗಲಿಸಲು ಆ ಗಿಡವನ್ನು ಕಡಿಯುತ್ತಾರೆಂಬ ಸುದ್ದಿಯಿದೆ. ಅಷ್ಟರಲ್ಲಿ ಅವನನ್ನು ಮಗನಂತೆ ಪ್ರೀತಿಸಿದ ಹಿರಿಯನೊಬ್ಬ ರೈಲಿಗೆ ಸಿಕ್ಕಿ ಸಾಯುತ್ತಾನೆ. ಗಿಡವನ್ನು ಇಷ್ಟು ಬೇಗ ಕಡಿಯುವುದಿಲ್ಲವೆಂದು ಅಪ್ಪ ಸಮಾಧಾನ ಹೇಳಿದಾಗ, ತನ್ನ ಗಿಡವನ್ನು ಕಡಿದು ವಾರದ ಮೇಲಾಯಿತು ಎನ್ನುತ್ತಾನೆ ಆ ಹುಡುಗ. ನವನಗರದ ಸೆಕ್ಟರಿನ ಮನೆಯಲ್ಲಿ ಈ ಪುಟ ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಹುಣಸಿ ಗಿಡವನ್ನು ನಾನು ಕಳೆದುಕೊಂಡದ್ದು ಹಿನ್ನೀರು ಬಂದ ವರ್ಷವಲ್ಲ ಎಂಬುದು ಅವನ ಆ ಒಂದು ಮಾತಿನಿಂದ ತಿಳಿಯಿತು.

ಆಯಿ ಈಗಿಲ್ಲ. ಈ ಸಲದ ಪಂಚಮಿಗೆ, 12 ವರ್ಷದ ಮಗಳಿಗೆ ಕತೆಯನ್ನು ಆಯಿ ಹೇಳಿದ ಹಾಗೆಯೇ ಹೇಳಿದೆ, ಎರಡು ತಂಬಿಗೆ ಎದುರಿಗಿಟ್ಟುಕೊಂಡು. ನಾದಿನಿ, ಮುರಿದ ಟೊಂಗೆ, ಚರಂಡಿ ಎಲ್ಲವನ್ನೂ ಅವಳು ಸುಮ್ಮನೆ ಕೇಳಿದಳು. ರಾಜಕುಮಾರ ಅವಳನ್ನು ಗುರುತಿಸಿ, ಮುರಿದ ಟೊಂಗೆಗಳನ್ನು ಕಟ್ಟಿ, ನೀರು ಸುರಿದು ಮರಳಿ ಹುಡುಗಿಯಾಗಿಸಿದನೆಂದು ಮುಗಿಸಿದಾಗ ಕೇಳಿದಳು: “ಅವ್ವಾ, ಮೊದಲ ನೀರು ಹಾಕತಿದ್ದ ಅಕ್ಕ ಎಲ್ಲಿ ಹೋದ್ಲು?”

ಆಯಿಯ ಕತೆಯಲ್ಲಿ ಮದುವೆಯ ಮೇಲೆ ಆ ಅಕ್ಕನ ಮಾತೇ ಬರುವುದಿಲ್ಲ. ಇಷ್ಟು ವರ್ಷ ಇದು ನನಗೆ ಹೊಳೆದಿರಲಿಲ್ಲ. ಮಗಳು ತಂಬಿಗೆಗಳನ್ನು ಒಳಗೆ ಒಯ್ದಳು. ನಾನು ಅಂಗಳದಲ್ಲಿಯೇ ಕುಳಿತು, ಉಗುರು ತಾಗದಂತೆ ಕೊಡ ಹಿಡಿಯಲು ಬಲ್ಲ ಆ ಒಬ್ಬಳೇ ಹುಡುಗಿ, ತಂಗಿ ಹೋದ ಮೇಲೆ ಮುದುಕಿಯ ಮನೆಯಲ್ಲಿ ಏನು ಮಾಡುತ್ತಿದ್ದಿರಬಹುದು ಎಂದು ಯೋಚಿಸತೊಡಗಿದೆ.